ಯಾರೂ ಮಾಡದ ವಾಚು, ಅಪ್ಪನ ಎಚ್‌ಎಂಟಿ

ಮೊನ್ನೆ ಭಾನುವಾರ ಮಧ್ಯಾಹ್ನ ಊಟ ಮುಗಿಸಿ, ಪೇಪರು ಹರವಿಕೊಂಡು ಕೂತಿದ್ದೆ. ಹನ್ನೊಂದು ವರ್ಷದ ಮೊಮ್ಮಗಳು ಹ್ಯಾರಿ ಪಾಟರ್ ಪುಸ್ತಕ ಹಿಡಿದುಕೊಂಡು ಬಂದು, "ಅಜ್ಜಾ, ನಿನ್ನ ಹತ್ರ ಟೈಮ್ ಟರ್ನರ್ ಇದ್ರೆ ಯಾವ ದಿನಕ್ಕೆ ಹೋಗ್ತೀಯ?" ಅಂತ ಕೇಳಿದಳು. "ನಿನ್ನ ಅಜ್ಜಿಯನ್ನು ನೋಡೋದಕ್ಕೆ ಹೋದ ದಿನಕ್ಕೆ. ಆವತ್ತಿನ ಉಪ್ಪಿಟ್ಟು ತಿನ್ನದೇ ಎದ್ದು ಬರ್ತೀನಿ" ಅಂದೆ. ಅಡುಗೆಮನೆಯಿಂದ ಪಾತ್ರೆ ಕುಕ್ಕಿದ ಸದ್ದು ಬಂತು. ಮಾತು ಅಲ್ಲಿಗೆ ಮುಗೀತು ಅನ್ನಿ. ಆದರೆ ನಿಜವಾದ ಉತ್ತರ ಬೇರೆ ಇತ್ತು. ಬಾಯಿ ತನಕ ಬಂದು ವಾಪಸ್ಸು ಹೋಯಿತು.

ಅದನ್ನ ಆಮೇಲೆ ಹೇಳ್ತೀನಿ. ಮೊದಲು ಈ ಟೈಮ್ ಟರ್ನರಿನ ಸಮಾಚಾರ. ಗೊತ್ತಿಲ್ಲದವರಿಗೆ ಎರಡು ಮಾತು: 1999ರಲ್ಲಿ ಬಂದ ಮೂರನೇ ಹ್ಯಾರಿ ಪಾಟರ್ ಪುಸ್ತಕದಲ್ಲಿ ಹರ್ಮೈನಿ ಅನ್ನೋ ಜಾಣ ಹುಡುಗಿಯ ಕೊರಳ ಸರದಲ್ಲಿ ಪುಟಾಣಿ ಮರಳು ಗಡಿಯಾರ ಒಂದು ನೇತಾಡ್ತಾ ಇರುತ್ತೆ. ಒಂದು ಸಲ ತಿರುಗಿಸಿದರೆ ಒಂದು ಗಂಟೆ ಹಿಂದಕ್ಕೆ. ಇಷ್ಟು ದೊಡ್ಡ ಶಕ್ತಿ ಕೈಯಲ್ಲಿಟ್ಟುಕೊಂಡು ಆಕೆ ಮಾಡೋದೇನು? ಒಂದೇ ಹೊತ್ತಿಗೆ ನಡೆಯೋ ಎರಡು ಮೂರು ಕ್ಲಾಸುಗಳಿಗೆ ಹಾಜರಾಗೋದು! ನಮ್ಮ ಡೊಂಬಿವಲಿಯ ಅಪ್ಪ ಅಮ್ಮಂದಿರಿಗೆ ಇದು ಸಿಕ್ಕಿದ್ದರೆ ಮಕ್ಕಳ ಗತಿ ಏನಾಗ್ತಿತ್ತೋ ಯೋಚನೆ ಮಾಡಿ. ಸ್ಕೂಲು, ಟ್ಯೂಷನ್ನು, ಅಬಾಕಸ್ಸು, ಭರತನಾಟ್ಯ ಎಲ್ಲ ಸಂಜೆ ಐದಕ್ಕೇ.

ಇಂಥ ಕಾಲ ತಿರುಗಿಸುವ ವಸ್ತುಗಳ ಕಥೆ ನನಗೆ ಚಿಕ್ಕಂದಿನಿಂದ ಹುಚ್ಚು. ಆದರೆ ಒಂದು ತಕರಾರೂ ಇದೆ. ಹೆಚ್ಚಿನ ಕಥೆಗಾರರು ಈ ವಸ್ತುವನ್ನ ಸ್ಲೇಟು ಒರೆಸೋ ಬಟ್ಟೆ ಮಾಡಿಬಿಡ್ತಾರೆ. ತಪ್ಪಾಯ್ತಾ, ಒರೆಸು. ಸತ್ತರಾ, ಮತ್ತೆ ಬರಿ. ಅಂಥ ಕಥೆ ಓದಿ ಮುಗಿಸಿದ ಮೇಲೆ ಕೈಯಲ್ಲಿ ಏನೂ ಉಳಿಯಲ್ಲ. ಏನು ಬೇಕಾದರೂ ಅಳಿಸಬಹುದು ಅಂದ ಮೇಲೆ ಯಾವುದಕ್ಕೂ ಬೆಲೆ ಇಲ್ಲವಲ್ಲ? ನನ್ನ ಪ್ರಕಾರ ಒಳ್ಳೆಯ ಮಾಯಾವಸ್ತು ಅಂದರೆ ಕಾಲವನ್ನ ದಾಟಿಸುತ್ತೆ, ಆದರೆ ಆಗಿಹೋದದ್ದರ ಒಂದು ಕೂದಲನ್ನೂ ಕೊಂಕಿಸೋಕೆ ಬಿಡಲ್ಲ. "ಹಂಗಾದ್ರೆ ಅದರಿಂದ ಉಪಯೋಗ ಏನ್ ಮಾರಾಯ್ರೆ?" ಅಂತ ನೀವು ಕೇಳಬಹುದು. ಕೇಳಲೇಬೇಕು. ನಾನೂ ಬಹಳ ವರ್ಷ ಹಾಗೇ ಕೇಳಿದವನು.

ಸ್ವಲ್ಪ ಹಳೇ ಕಾಲಕ್ಕೆ ಹೋಗೋಣ. ನಮ್ಮ ಅಕ್ಷಯಪಾತ್ರೆಯನ್ನೇ ನೋಡಿ. ವನವಾಸದಲ್ಲಿ ಸೂರ್ಯ ಧರ್ಮರಾಯನಿಗೆ ಕೊಟ್ಟಿದ್ದು. ಅಕ್ಕಿ ಹಾಕದೇ ಅನ್ನ ಬರೋ ಪಾತ್ರೆ, ಅಂದರೆ ಕಾರಣ ಇಲ್ಲದ ಕಾರ್ಯ. ಆದರೆ ಅದಕ್ಕೊಂದು ಕಟ್ಟುಪಾಡು ಇದೆ: ದ್ರೌಪದಿ ಉಂಡ ಮೇಲೆ ಆವತ್ತಿಗೆ ಮುಗೀತು. ಆ ಕಟ್ಟುಪಾಡು ಇಲ್ಲದೇ ಹೋಗಿದ್ದರೆ ದೂರ್ವಾಸರು ಶಿಷ್ಯರನ್ನು ಕಟ್ಟಿಕೊಂಡು ಬಂದಾಗ ಎದೆ ಡವಡವ ಅನ್ನೋ ಪ್ರಸಂಗವೇ ಇರ್ತಿರಲಿಲ್ಲ. ಬನ್ನಿ ಸ್ವಾಮಿ, ಕೂತ್ಕೊಳ್ಳಿ, ಬಡಿಸ್ತೀವಿ ಅಂದುಬಿಟ್ಟಿದ್ದರೆ ಮುಗೀತಿತ್ತು. ಪಾತ್ರೆಯ ಶಕ್ತಿ ಇರೋದು ಕಥೆಯ ಮೊದಲ ಸಾಲಿಗೆ ಮಾತ್ರ. ಆಮೇಲಿನದೆಲ್ಲ ನಡೆಯೋದು ಅದರ ಮಿತಿಯ ಮೇಲೆ.

ಇಂಗ್ಲಿಷಿನಲ್ಲಿ ಡಬ್ಲ್ಯು. ಡಬ್ಲ್ಯು. ಜೇಕಬ್ಸ್ 1902ರಲ್ಲಿ ಬರೆದ ಮಂಗನ ಪಂಜದ ಕಥೆ ಇದೆಯಲ್ಲ, ಅದೂ ಹೀಗೇ. ಅದನ್ನು ಮಂತ್ರಿಸಿದ್ದು ಇಂಡಿಯಾದ ಒಬ್ಬ ಫಕೀರ ಅಂತೆ (ಇಂಥ ಅನಿಷ್ಟವೆಲ್ಲ ನಮ್ಮ ತಲೆಗೇ ಕಟ್ಟೋದು ಆಗಿನ ಪದ್ಧತಿ). ಮೂರು ವರ. ಇನ್ನೂರು ಪೌಂಡು ಬೇಕು ಅಂತ ಅಪ್ಪ ಕೇಳ್ತಾನೆ. ಮಗ ಫ್ಯಾಕ್ಟರಿಯ ಯಂತ್ರಕ್ಕೆ ಸಿಕ್ಕಿ ಸತ್ತು, ಪರಿಹಾರ ಅಂತ ಸರಿಯಾಗಿ ಇನ್ನೂರು ಪೌಂಡು ಬರುತ್ತೆ. ಎರಡನೇ ವರದಲ್ಲಿ ತಾಯಿ ಮಗನನ್ನು ವಾಪಸ್ ಕೇಳಿಸ್ತಾಳೆ. ರಾತ್ರಿ ಬಾಗಿಲು ಬಡಿಯೋ ಸದ್ದು. ಆಕೆ ಚಿಲಕ ತೆಗೆಯೋ ಹೊತ್ತಿಗೆ ಅಪ್ಪ ಮೂರನೇ ವರ ಕೇಳಿಬಿಡ್ತಾನೆ. ಹೊರಗೆ ಖಾಲಿ ರಸ್ತೆ. ಬಾಗಿಲಲ್ಲಿ ಯಾರಿದ್ದರು ಅಂತ ಕಥೆಗಾರ ತೋರಿಸಲ್ಲ. ನಾನು ಅದನ್ನ ಓದಿದ್ದು ಕುಮಟೆಯಲ್ಲಿ, ಲಾಟೀನಿನ ಬೆಳಕಲ್ಲಿ. ಆ ರಾತ್ರಿ ಹಿತ್ತಲಿಗೆ ಹೋಗೋದಕ್ಕೆ ತಮ್ಮನನ್ನು ಎಬ್ಬಿಸಿದ್ದೆ.

ಇನ್ನು ವಾಚಿನ ವಿಷಯಕ್ಕೆ ಬರ್ತೀನಿ. ಇದೇ ನನಗೆ ಎಲ್ಲಕ್ಕಿಂತ ಇಷ್ಟ. 1980ರಲ್ಲಿ 'ಸಮ್‌ವೇರ್ ಇನ್ ಟೈಮ್' ಅಂತ ಒಂದು ಸಿನಿಮಾ ಬಂತು. ಸೂಪರ್‌ಮ್ಯಾನ್ ಮಾಡಿದ ಕ್ರಿಸ್ಟೊಫರ್ ರೀವ್ ಇದರಲ್ಲಿ ನಾಟಕಕಾರ. 1972ರಲ್ಲಿ ಅವನ ಮೊದಲ ನಾಟಕದ ದಿನ ಗುರುತೇ ಇಲ್ಲದ ಒಬ್ಬ ಮುದುಕಿ ಬಂದು ಅವನ ಕೈಗೊಂದು ಜೇಬುಗಡಿಯಾರ ಇಟ್ಟು, ತನ್ನ ಹತ್ತಿರ ಮರಳಿ ಬಾ ಅಂತ ಹೇಳಿ ಹೋಗ್ತಾಳೆ. ಎಂಟು ವರ್ಷದ ಮೇಲೆ ಅವನು ಒಂದು ಹಳೇ ಹೋಟೆಲಿನಲ್ಲಿ ಆಕೆಯ ಯೌವನದ ಫೋಟೋ ನೋಡಿ, ಪ್ರೀತಿಗೆ ಬಿದ್ದು, ಮನಸ್ಸಿನ ಬಲದಿಂದಲೇ 1912ಕ್ಕೆ ಹೋಗ್ತಾನೆ. ಆ ವಾಚು ಅವನ ಜೊತೆ ಹೋಗಿ ಆಕೆಯ ಬಳಿ ಉಳಿಯುತ್ತೆ. ಆಕೆ ಅದನ್ನು ಅರವತ್ತು ವರ್ಷ ಕಾಪಾಡಿ, 1972ರಲ್ಲಿ ಅವನಿಗೆ ತಂದು ಕೊಡ್ತಾಳೆ.

ಈಗ ಹೇಳಿ, ಆ ವಾಚನ್ನ ಮಾಡಿದವರು ಯಾರು?

ಯಾರೂ ಅಲ್ಲ! ಅವನಿಗೆ ಆಕೆ ಕೊಟ್ಟಳು, ಆಕೆಗೆ ಅವನು ಕೊಟ್ಟ. ಅಂಗಡಿ ಇಲ್ಲ, ಫ್ಯಾಕ್ಟರಿ ಇಲ್ಲ, ಬಿಲ್ಲು ಇಲ್ಲ. ಇದು ತಮಾಷೆ ಅಂತ ತಳ್ಳಿಹಾಕಬೇಡಿ. ದೊಡ್ಡ ದೊಡ್ಡ ಭೌತವಿಜ್ಞಾನಿಗಳು ಇದಕ್ಕೆ ತಲೆ ಕೆಡಿಸಿಕೊಂಡಿದ್ದಾರೆ. ರಷ್ಯದ ಇಗೊರ್ ನೋವಿಕೋವ್ ತಮ್ಮ ಸಹೋದ್ಯೋಗಿ ಲೊಸ್ಸೆವ್ ಜೊತೆ 1992ರಲ್ಲಿ ಬರೆದ ಪ್ರಬಂಧದಲ್ಲಿ ಇಂಥ ಹುಟ್ಟಿಲ್ಲದ ವಸ್ತುಗಳಿಗೆ 'ಜಿನ್' ಅಂತ ಹೆಸರಿಟ್ಟರು. ನಮ್ಮ ಅರೇಬಿಯನ್ ನೈಟ್ಸಿನ ಜಿನ್ನೇ. ಸಾಪೇಕ್ಷತೆಯ ಗಣಿತದ ಪ್ರಕಾರ ಅಂಥದ್ದು ಇರಕೂಡದು ಅಂತ ಖಡಾಖಂಡಿತ ಹೇಳೋಕೆ ಬರಲ್ಲವಂತೆ. ಆದರೆ ಒಂದು ತೊಂದರೆ ಇದೆ. ಆ ವಾಚು ಒಂದು ಸುತ್ತು ಬರೋದರಲ್ಲಿ ಆಕೆಯ ಬಳಿ 60, ಅವನ ಬಳಿ 8, ಒಟ್ಟು 68 ವರ್ಷ ಹಳತಾಗುತ್ತೆ. ಮುಳ್ಳು ಸವೆಯುತ್ತೆ, ಗಾಜಿಗೆ ಗೀರು ಬೀಳುತ್ತೆ. ಆದರೆ 1912ಕ್ಕೆ ಬಂದು ಇಳಿಯೋ ವಾಚು ಪ್ರತಿ ಸಲವೂ ಅದೇ ವಾಚು ಆಗಿರಬೇಕು, ಒಂದು ಗೀರೂ ಹೆಚ್ಚಿರಬಾರದು. ಯಾಕೆಂದರೆ 'ಪ್ರತಿ ಸಲ' ಅನ್ನೋದೇ ಇಲ್ಲ, ಇರೋದು ಒಂದೇ ಸುತ್ತು. ಹಾಗಾದರೆ ಆ ಸವೆತವನ್ನ ಸುತ್ತಿನ ಹೊರಗಿನಿಂದ ಯಾರೋ ಸರಿಮಾಡ್ತಾ ಇರಬೇಕು, ಅದಕ್ಕೆ ಶಕ್ತಿ ಖರ್ಚಾಗಬೇಕು.

ಅಂದರೆ, ನಮ್ಮ ಭಾಷೆಯಲ್ಲಿ, ಸರ್ವಿಸಿಂಗ್. ಮಾಯದ ವಾಚಿಗೂ ಸರ್ವಿಸಿಂಗ್ ತಪ್ಪಿದ್ದಲ್ಲ!

ಇದನ್ನ ಓದಿದ ದಿನ ನಾನು ನಕ್ಕುಬಿಟ್ಟೆ. ಯಾಕೆಂದರೆ ನನ್ನ ಕೈಯಲ್ಲಿರೋದು ಅಪ್ಪನ ಎಚ್‌ಎಂಟಿ ಜನತಾ. ಬೆಂಗಳೂರಿನಲ್ಲಿ 1961ರಲ್ಲಿ ಜಪಾನಿನ ಸಿಟಿಜನ್ ಕಂಪನಿಯ ಸಹಾಯದಿಂದ ಶುರುವಾದ ಕಾರ್ಖಾನೆಯ ಮಾಲು, ಕೀಲಿ ಕೊಡೋ ವಾಚು. ಇಲ್ಲಿ ಸ್ಟೇಷನ್ ಹತ್ತಿರ ಒಬ್ಬ ವಾಚು ರಿಪೇರಿಯವನಿದ್ದಾನೆ. ಅವನ ಅಪ್ಪನ ಕಾಲದಿಂದ ಅಲ್ಲೇ ಕೊಡ್ತೀನಿ. ಪಟ್ಟಿ ಎಷ್ಟು ಸಲ ಬದಲಾಯಿತೋ ಲೆಕ್ಕವಿಲ್ಲ. ಗಾಜು ಎರಡು ಸಲ, ಕೀಲಿಯ ತಲೆ ಒಂದು ಸಲ, ಸ್ಪ್ರಿಂಗು ಒಂದು ಸಲ. "ಕಾಕಾ, ಆತಾ ಹ್ಯಾತ್ ತುಮಚ್ಯಾ ವಡಿಲಾಂಚಂ ಕಾಯ್ ಉರಲಂಯ್?" ಅಂತ ಅವನು ನಗ್ತಾನೆ. ಇದರಲ್ಲಿ ನಿಮ್ಮ ಅಪ್ಪನದು ಏನು ಉಳಿದಿದೆ ಅಂತ. ಹಿಂದಿನ ಮುಚ್ಚಳ ಉಳಿದಿದೆ. ಅದರ ಒಳಬದಿಗೆ ಯಾವುದೋ ಹಳೇ ರಿಪೇರಿಯವನು ಸೂಜಿಯಲ್ಲಿ ಕೊರೆದ ತಾರೀಖು ಇದೆ. ಕೇಂದ್ರ ಸರ್ಕಾರ 2016ರಲ್ಲಿ ಎಚ್‌ಎಂಟಿ ವಾಚಸ್ ಮುಚ್ಚೋ ತೀರ್ಮಾನ ಮಾಡಿದ ಮೇಲಂತೂ ಅಸಲಿ ಬಿಡಿಭಾಗ ಸಿಗೋದೂ ಕಷ್ಟ.

ಆ ಸಿನಿಮಾದಲ್ಲಿ ವಾಚಿನಷ್ಟು ಜನ ಮಾತಾಡದ ಇನ್ನೊಂದು ವಸ್ತು ಇದೆ: ಒಂದು ಪೆನ್ನಿ. 1912ರಲ್ಲಿ ಎಲ್ಲ ಸುಖವಾಗಿ ನಡೀತಿರುವಾಗ, ಅವನು ಹಾಕಿಕೊಂಡು ಹೋದ ಹಳೇಕಾಲದ ಸೂಟಿನ ಜೇಬಿನಲ್ಲಿ ಒಂದು ನಾಣ್ಯ ಸಿಗುತ್ತೆ. ಅದರ ಮೇಲೆ 1979 ಅಂತ ಇಸವಿ. ನೋಡಿದ ತಕ್ಷಣ ಮಂತ್ರ ಮುರಿದು, ಅವನು ತನ್ನ ಕಾಲಕ್ಕೆ ಜಾರಿ ಬೀಳ್ತಾನೆ. ಮತ್ತೆ ಹೋಗೋಕೆ ಆಗೋದೇ ಇಲ್ಲ.

ಊರು ಬಿಟ್ಟ ನಮಗೆ ಈ ಪೆನ್ನಿಯನ್ನ ಯಾರೂ ವಿವರಿಸಿ ಹೇಳಬೇಕಾಗಿಲ್ಲ. ನಾನು ಮುಂಬಯಿಗೆ ಬಂದದ್ದು 1978ರಲ್ಲಿ. ಈಗಲೂ ಕುಮಟೆಗೆ ಹೋಗಿ ಜಗಲಿಯ ಮೇಲೆ ಕಾಲು ಚಾಚಿ ಕೂತರೆ ಹತ್ತೇ ನಿಮಿಷ, ನಾನು ಹದಿನಾರರ ಹುಡುಗ. ಮಾತು ಹಳೇದು, ಹಸಿವು ಹಳೇದು. ಆಮೇಲೆ ಚಿಲ್ಲರೆಗೆ ಅಂತ ಜೇಬಿಗೆ ಕೈ ಹಾಕಿದರೆ ಲೋಕಲ್ ಟ್ರೇನಿನ ಪಾಸು ಹೊರಗೆ ಬರುತ್ತೆ. ತಮ್ಮನ ಮಗ ಅದನ್ನ ನೋಡಿ, "ದೊಡ್ಡಪ್ಪ, ರಿಟರ್ನ್ ಟಿಕೆಟ್ ಯಾವತ್ತು?" ಅಂತಾನೆ. ಮುಗೀತು ಕಥೆ.

ಪುರಾಣದಲ್ಲೂ ನಮ್ಮಂಥ ಒಬ್ಬ ಇದ್ದಾನೆ. ಕುಶಸ್ಥಲಿಯ ರಾಜ ರೈವತ, ಕಕುದ್ಮಿ ಅಂತಲೂ ಹೆಸರು. ಮಗಳು ರೇವತಿಗೆ ವರ ಹುಡುಕೋದಕ್ಕೆ ಅವಳನ್ನು ಕರೆದುಕೊಂಡು ಬ್ರಹ್ಮಲೋಕಕ್ಕೆ ಹೋದ. ಅಲ್ಲಿ ಗಂಧರ್ವರ ಹಾಡು ನಡೀತಾ ಇತ್ತು, ಮುಗಿಯಲಿ ಅಂತ ಸ್ವಲ್ಪ ಹೊತ್ತು ಕಾದ. ಆಮೇಲೆ ತನ್ನ ಮನಸ್ಸಿನಲ್ಲಿದ್ದ ವರಗಳ ಹೆಸರು ಹೇಳಿದರೆ ಬ್ರಹ್ಮ ನಕ್ಕುಬಿಟ್ಟ. ಅಷ್ಟರಲ್ಲಿ ಭೂಮಿಯ ಮೇಲೆ 27 ಚತುರ್ಯುಗ ಕಳೆದಿತ್ತು ಅನ್ನುತ್ತೆ ಭಾಗವತ. ಕಡೆಗೆ ಬ್ರಹ್ಮನ ಮಾತಿನಂತೆ ರೇವತಿಯನ್ನು ಬಲರಾಮನಿಗೆ ಕೊಟ್ಟರು. ಆದರೆ ಆಕೆ ಹಳೇ ಯುಗದವಳು, ತುಂಬಾ ಎತ್ತರ. ವಿಷ್ಣುಪುರಾಣದ ಪ್ರಕಾರ ಬಲರಾಮ ತನ್ನ ನೇಗಿಲಿನ ತುದಿಯಿಂದ ಆಕೆಯನ್ನು ಕುಗ್ಗಿಸಿ ತನ್ನ ಕಾಲದ ಹೆಂಗಸರ ಅಳತೆಗೆ ತಂದ. ಕಾಲ ದಾಟಿ ಬಂದವರನ್ನ ಈ ಕಾಲದ ಅಳತೆಗೆ ಕತ್ತರಿಸೋ ನೇಗಿಲು! ಯಾವ ವೈಜ್ಞಾನಿಕ ಕಥೆಯಲ್ಲೂ ನಾನು ಇಂಥ ಉಪಕರಣ ನೋಡಿಲ್ಲ. ಹರಿಕಥೆಯಲ್ಲಿ ಇದು ಬಂದಾಗ ಎಲ್ಲರೂ ನಗ್ತಾರೆ. ನನಗೆ ರೇವತಿ ಏನಂದಳು ಅನ್ನೋ ಕುತೂಹಲ.

ನಮ್ಮ ಕಡೆಯವರೇ ಆದ ಇನ್ನೊಬ್ಬರ ಕಥೆ ಹೇಳದಿದ್ದರೆ ತಪ್ಪಾಗುತ್ತೆ. ನಮ್ಮ ಕಡೆ ಅಂದರೆ ಈಗ ಮಹಾರಾಷ್ಟ್ರವೇ ತಾನೆ! ಪುಣೆಯ ಜಯಂತ ನಾರಳೀಕರ್. 2025ರ ಮೇ 20ರಂದು ತೀರಿಕೊಂಡರು. ಫ್ರೆಡ್ ಹಾಯ್ಲ್ ಜೊತೆ 1964ರಲ್ಲೇ ಕಾಲದ ಬಾಣದ ಬಗ್ಗೆ ಪ್ರಬಂಧ ಬರೆದ ದೊಡ್ಡ ವಿಜ್ಞಾನಿ, ಬಿಡುವಿನಲ್ಲಿ ಮರಾಠಿಯಲ್ಲಿ ಕಥೆ ಬರೀತಿದ್ದರು. ಅವರ ಗಂಗಾಧರಪಂತರ ಪಾಣಿಪತದ ಕಥೆ ಇಂಗ್ಲಿಷಿನಲ್ಲಿ 'ದಿ ಅಡ್ವೆಂಚರ್' ಅಂತ ಹನ್ನೊಂದನೇ ತರಗತಿಯ ಎನ್‌ಸಿಇಆರ್‌ಟಿ ಪುಸ್ತಕದಲ್ಲಿ ಸೇರಿತ್ತು. ನನ್ನ ಮಗ ಪರೀಕ್ಷೆಗೆ ಓದುವಾಗ ನಾನೂ ಓದಿದೆ. ಇತಿಹಾಸದ ಪ್ರೊಫೆಸರ್ ಒಬ್ಬರಿಗೆ ಪುಣೆಯಲ್ಲಿ ಟ್ರಕ್ಕು ಗುದ್ದುತ್ತೆ. ಎಚ್ಚರಾಗೋದು ಬೇರೆಯೇ ಇತಿಹಾಸದಲ್ಲಿ. ಅಲ್ಲಿ 1761ರ ಪಾಣಿಪತ ಯುದ್ಧದಲ್ಲಿ ಗುಂಡು ವಿಶ್ವಾಸರಾಯನ ಕಿವಿ ಸವರಿಕೊಂಡು ಹೋಗಿದೆ, ಮರಾಠರು ಗೆದ್ದಿದ್ದಾರೆ. ಮುಂಬಯಿಯಲ್ಲಿ ಮಾತ್ರ ಇನ್ನೂ ಈಸ್ಟ್ ಇಂಡಿಯಾ ಕಂಪನಿ. ಅವರು ಟೌನ್‌ಹಾಲಿನ ಲೈಬ್ರರಿಯಲ್ಲಿ ಕೂತು ಬಖರು ಓದಿ ಅದನ್ನ ಜೇಬಿಗೆ ಹಾಕಿಕೊಳ್ತಾರೆ. ಸಂಜೆ ಆಜಾದ್ ಮೈದಾನದಲ್ಲಿ ಅಧ್ಯಕ್ಷರ ಕುರ್ಚಿ ಖಾಲಿ ಇರೋದನ್ನ ನೋಡಿ ತಡೆಯಲಾರದೇ ಹೋಗಿ ಕೂತು ಭಾಷಣ ಶುರುಮಾಡಿ ಏಟು ತಿಂತಾರೆ. (ನಮ್ಮ ಸಂಘಗಳಲ್ಲೂ ಇಂಥವರು ಇಬ್ಬರು ಮೂವರಿದ್ದಾರೆ, ಹೆಸರು ಹೇಳಲ್ಲ.) ಮತ್ತೆ ನಮ್ಮ ಲೋಕದಲ್ಲಿ ಕಣ್ಣು ಬಿಟ್ಟಾಗ ಪುಸ್ತಕ ಇಲ್ಲ, ಆದರೆ ಅದರ ಒಂದು ಹರಿದ ಹಾಳೆ ಜೇಬಿನಲ್ಲಿದೆ. ನಡೆಯದ ಇತಿಹಾಸದ ಒಂದು ಪುಟ!

ಆ ಲೈಬ್ರರಿಯ ಮೆಟ್ಟಿಲ ಮೇಲೆ ಮೂವತ್ತು ವರ್ಷ ಡಬ್ಬಿ ಊಟ ಮಾಡಿದವನು ನಾನು. ಅದಕ್ಕೇ ಈ ಕಥೆ ಓದಿದಾಗ ಮೈ ಜುಂ ಅಂದಿತ್ತು. ಗಮನಿಸಿ, ಆ ಹಾಳೆ ಏನನ್ನೂ ಬದಲಾಯಿಸಲ್ಲ. ನಮ್ಮ ಪಾಣಿಪತದಲ್ಲಿ ವಿಶ್ವಾಸರಾಯ ಸತ್ತ, ಸತ್ತೇ ಇದ್ದಾನೆ. ನಾರಳೀಕರ್ ಮನಸ್ಸು ಮಾಡಿದ್ದರೆ ಪ್ರೊಫೆಸರನ್ನ ಯುದ್ಧಭೂಮಿಗೇ ಇಳಿಸಿ ಗುಂಡು ತಪ್ಪಿಸಬಹುದಿತ್ತು. ಮರಾಠಿ ಓದುಗರು ಚಪ್ಪಾಳೆ ತಟ್ಟುತ್ತಿದ್ದರು. ಮಾಡಲಿಲ್ಲ. ವಿಜ್ಞಾನಿಯಲ್ಲವೇ, ಲೆಕ್ಕಕ್ಕೆ ಮರ್ಯಾದೆ ಕೊಟ್ಟರು.

ಸಿನಿಮಾದವರಿಗೆ ಈ ಸಂಯಮ ಕಡಿಮೆ. 2016ರಲ್ಲಿ ತಮಿಳಿನ ಸೂರ್ಯನ '24' ಬಂತು. ಅದರ ವಾಚು ಮೊದಲಿಗೆ ಇಪ್ಪತ್ತನಾಲ್ಕೇ ಗಂಟೆ ಹಿಂದೆ ಹೋಗುತ್ತೆ. ಅಷ್ಟರ ತನಕ ಚೆನ್ನಾಗಿತ್ತು, ಆಮೇಲೆ ಕಟ್ಟುಪಾಡು ಸಡಿಲ ಆದ ಹಾಗೆ ನನ್ನ ಆಸಕ್ತಿಯೂ ಸಡಿಲ ಆಯಿತು. ನಮ್ಮ ರಾಜ್‌ಕುಮಾರರ 'ಹಾಲು ಜೇನು' ಮಾಡಿದ ಸಿಂಗೀತಂ ಶ್ರೀನಿವಾಸರಾಯರು 1991ರಲ್ಲಿ ತೆಲುಗಿನಲ್ಲಿ 'ಆದಿತ್ಯ 369' ಮಾಡಿ ಕೃಷ್ಣದೇವರಾಯನ ಆಸ್ಥಾನಕ್ಕೇ ಕಾಲಯಂತ್ರ ಇಳಿಸಿದರು. ಅದು ಜಾತ್ರೆ, ಜಾತ್ರೆಯ ಖುಷಿಯೇ ಬೇರೆ, ಅದಕ್ಕೆ ತಕರಾರಿಲ್ಲ.

ಈಗ ಮೊಮ್ಮಗಳ ಪ್ರಶ್ನೆಗೆ ಬರಲೇಬೇಕು.

1986ರ ಜುಲೈ. ಫೋರ್ಟಿನ ಆಫೀಸಿಗೆ ಸಂಜೆ ನಾಲ್ಕಕ್ಕೆ ಟೆಲಿಗ್ರಾಂ ಬಂತು, ಅಪ್ಪ ಹೋದರು ಅಂತ. ಆಗ ಕೊಂಕಣ ರೈಲು ಇರಲಿಲ್ಲ, ಅದು ಪೂರ್ತಿಯಾಗಿದ್ದು 1998ರಲ್ಲಿ. ಆ ರಾತ್ರಿಯ ಬಸ್ಸು ಹಿಡಿದೆ. ಮಳೆ, ಘಟ್ಟ, ಒಂದು ಕಡೆ ಮರ ಬಿದ್ದು ಎರಡು ತಾಸು. ಮನೆ ಮುಟ್ಟುವಾಗ ಮಾರನೇ ದಿನ ಸಂಜೆ. ಅಲ್ಲಿ ಬೆಳಿಗ್ಗೆಯೇ ಎಲ್ಲ ಮುಗಿದಿತ್ತು. ಮಳೆಗಾಲ, ಕಾಯೋ ಹಾಗೆ ಇರಲಿಲ್ಲ, ಯಾರದೂ ತಪ್ಪಲ್ಲ. ಹಿರಿಯ ಮಗ ನಾನು, ಕೊಳ್ಳಿ ಇಟ್ಟವನು ತಮ್ಮ. ಆಯಿ ಏನೂ ಹೇಳಲಿಲ್ಲ. ಒಳಗೆ ಹೋಗಿ ವಾಚು ತಂದು ಕೈಗೆ ಕೊಟ್ಟಳು. ನಡೀತಾ ಇತ್ತು. ಅಪ್ಪ ಹಿಂದಿನ ಬೆಳಿಗ್ಗೆ ಕೊಟ್ಟ ಕೀಲಿಯ ಬಲ ಇನ್ನೂ ಸ್ವಲ್ಪ ಉಳಿದಿತ್ತು.

ಬಹಳ ವರ್ಷ ನಾನು ಮನಸ್ಸಿನಲ್ಲೇ ಕಾಲ ತಿರುಗಿಸ್ತಾ ಇದ್ದೆ. ಹಿಂದಿನ ವಾರ ಹೋಗಿದ್ದರೆ, ಡಾಕ್ಟರ ಹತ್ತಿರ ಕರೆದುಕೊಂಡು ಹೋಗಿದ್ದರೆ, ಮುಂಬಯಿಗೇ ಬರದೇ ಇದ್ದಿದ್ದರೆ. ಸ್ಲೇಟು ಒರೆಸೋ ಬಟ್ಟೆಯ ಕಥೆಗಳು. ಅವು ಯಾವೂ ನನಗೆ ಸಮಾಧಾನ ಕೊಡಲಿಲ್ಲ. ಅಪ್ಪನನ್ನು ಉಳಿಸಿದ ಕಥೆಯಲ್ಲಿ ಮಗ ಹುಟ್ಟಲ್ಲ, ಈ ಮೊಮ್ಮಗಳು ಇರಲ್ಲ. ಯಾವುದನ್ನ ಒರೆಸಲಿ?

ಆಮೇಲೆ ಒಂದು ದಿನ ಮಗನಿಗೆ ತಂದ ಹ್ಯಾರಿ ಪಾಟರ್ ಓದಿದೆ. ಅದರಲ್ಲಿ ಹ್ಯಾರಿ ಮತ್ತು ಹರ್ಮೈನಿ ಮರಳು ಗಡಿಯಾರವನ್ನ ಮೂರು ಸುತ್ತು ತಿರುಗಿಸಿ ಮೂರು ಗಂಟೆ ಹಿಂದೆ ಹೋಗ್ತಾರೆ. ಒಂದು ಪ್ರಾಣಿ, ಒಬ್ಬ ಮನುಷ್ಯ, ಇಬ್ಬರ ಜೀವ ಉಳಿಯುತ್ತೆ. ಆದರೆ ಸರಿಯಾಗಿ ನೋಡಿ: ಅವರು ಏನನ್ನೂ ಬದಲಾಯಿಸಿಲ್ಲ! ಮೊದಲ ಸಲ ಕೇಳಿದ ಕೊಡಲಿಯ ಸದ್ದು ಪ್ರಾಣಿಯ ಕತ್ತಿನ ಮೇಲೆ ಬಿದ್ದದ್ದೇ ಅಲ್ಲ. ಕೆರೆಯ ಆಚೆ ದಂಡೆಯಲ್ಲಿ ನಿಂತು ತನ್ನನ್ನು ಕಾಪಾಡಿದ್ದು ಸತ್ತುಹೋದ ಅಪ್ಪನೇ ಅಂತ ಹ್ಯಾರಿ ನಂಬಿರ್ತಾನೆ. ಎರಡನೇ ಸಲ ಅಲ್ಲೇ ಪೊದೆಯ ಮರೆಯಲ್ಲಿ ಕಾಯ್ತಾನೆ, ಅಪ್ಪನ ಮುಖ ನೋಡೋಣ ಅಂತ. ಅಪ್ಪ ಬರಲ್ಲ. ಯಾರೂ ಬರಲ್ಲ. ಆಗ ಹೊಳೆಯುತ್ತೆ, ಆಚೆ ದಂಡೆಯಲ್ಲಿ ಕಂಡವನು ತಾನೇ ಅಂತ.

ಆ ಪುಟ ಓದಿ ಪುಸ್ತಕ ಮುಚ್ಚಿ ಬಾಲ್ಕನಿಗೆ ಹೋಗಿ ನಿಂತೆ. ಮಕ್ಕಳ ಪುಸ್ತಕ ಅಂತ ಹಗುರ ಮಾಡಿದ್ದೆ, ಅದು ನನ್ನ ಪ್ರಶ್ನೆಗೇ ಉತ್ತರ ಹೇಳಿಬಿಟ್ಟಿತ್ತು. ಬದಲಾಯಿಸೋಕೆ ಬಿಡದ ವಸ್ತುವಿನಿಂದ ಉಪಯೋಗ ಏನು? ಅಲ್ಲಿ ಇರಬಹುದು, ಅಷ್ಟೇ. ನನಗೆ ಬೇಕಿದ್ದದ್ದೂ ಅಷ್ಟೇ. ಅಪ್ಪನನ್ನು ಉಳಿಸೋದಲ್ಲ. ಅವರಿಗೆ ವಯಸ್ಸಾಗಿತ್ತು, ಉಬ್ಬಸ ಇತ್ತು, ಹೊರಡೋ ಹೊತ್ತು ಬಂದಿತ್ತು. ಆ ಬೆಳಿಗ್ಗೆ ಅಂಗಳದಲ್ಲಿ ನಿಂತಿರಬೇಕಿತ್ತು ನಾನು, ನಾಲ್ಕು ಜನರಲ್ಲಿ ಐದನೆಯವನಾಗಿ.

ಆ ಲೇಖಕಿಗೂ ತಾನು ಮಾಡಿದ್ದು ಎಷ್ಟು ಅಪಾಯದ ವಸ್ತು ಅಂತ ಗೊತ್ತಿತ್ತೋ ಏನೋ. 2003ರ ಐದನೇ ಪುಸ್ತಕದಲ್ಲಿ ಟೈಮ್ ಟರ್ನರುಗಳ ಕಪಾಟನ್ನೇ ಕೆಡವಿ ಪುಡಿ ಮಾಡಿಸಿದರು. ಒಳ್ಳೇ ಕೆಲಸ. ಆದರೆ 2016ರ ನಾಟಕದಲ್ಲಿ ಮತ್ತೊಂದು ಉಳಿದಿತ್ತು ಅಂತ ಹೊರಗೆ ತೆಗೆದು, ಈ ಸಲ ಹಿಂದಿನದನ್ನ ನಿಜವಾಗಿ ಬದಲಾಯಿಸೋ ಹಾಗೆ ಮಾಡಿದರು. ಸತ್ತ ಹುಡುಗನನ್ನ ಬದುಕಿಸಿ, ಲೋಕ ಕೆಡಿಸಿ, ಮತ್ತೆ ಹೋಗಿ ಸರಿಪಡಿಸಿ, ಉಸ್ಸಪ್ಪಾ. ಮೊಮ್ಮಗಳಿಗೆ ಅದು ಇಷ್ಟ. ನನಗೆ ಅದು ಕೆಟ್ಟುಹೋದ ವಾಚು.

ಭಾನುವಾರ ರಾತ್ರಿ ಮಲಗುವ ಮುಂಚೆ ಅವಳಿಗೆ ನಿಜವಾದ ಉತ್ತರ ಹೇಳಿದೆ. ಯಾವ ದಿನ, ಯಾಕೆ ಅಂತ. ಹೋದರೂ ಏನೂ ಬದಲಾಗಲ್ಲ, ಸುಮ್ಮನೆ ಹಿಂದೆ ನಿಂತು ಬರ್ತೀನಿ ಅಂದೆ. ಅವಳು ಸ್ವಲ್ಪ ಹೊತ್ತು ಯೋಚನೆ ಮಾಡಿ, "ಹಾಗಾದ್ರೆ ಕುಮಟಾ ಅಜ್ಜನ್ನ ಕೇಳು. ಆವತ್ತು ಹಿಂದೆ ಯಾರಾದ್ರೂ ಒಬ್ರು ಮುದುಕರು ಛತ್ರಿ ಹಿಡ್ಕೊಂಡು ನಿಂತಿದ್ರಾ ಅಂತ" ಅಂದಳು.

ನಿನ್ನೆ ತಮ್ಮನಿಗೆ ಫೋನು ಮಾಡಿದ್ದೆ. ಮಳೆ ಹೇಗಿದೆ, ತೆಂಗಿನಕಾಯಿ ರೇಟು ಎಷ್ಟು, ಅವನ ಮಂಡಿನೋವು, ಎಲ್ಲ ಮಾತಾಡಿದೆವು. ಅದನ್ನ ಮಾತ್ರ ಕೇಳಲಿಲ್ಲ. ದಸರಾಕ್ಕೆ ಹೋಗೋದಿದೆ, ಆಗ ನೋಡೋಣ. ವಾಚು ಮತ್ತೆ ದಿನಕ್ಕೆ ಐದು ನಿಮಿಷ ಹಿಂದೆ ಬೀಳ್ತಾ ಇದೆ, ಅಷ್ಟರೊಳಗೆ ರಿಪೇರಿಯವನ ಹತ್ತಿರ ಒಮ್ಮೆ ಕೊಡಬೇಕು.